ಬೆಂಗಳೂರು ದಂಡಿಗೆ ಬಂದ ಬೀದಿಬೋಧಕ

ಬೆಂಗಳೂರಿನ ರಿಚ್ಮಂಡ್ ಟೌನಿನಲ್ಲಿರುವ ಬಾಲ್ಡ್‌ವಿನ್ ಶಾಲೆಗಳ ಹೆಸರನ್ನು ಕೇಳದವರು ನಮ್ಮ ಪಟ್ಟಣಗಳ ವಿದ್ಯಾವಂತ ಕುಟುಂಬಗಳಲ್ಲಿ ವಿರಳ. ಮಕ್ಕಳಿಗೆ ಅಲ್ಲಿ ಸ್ಥಳ ದೊರೆಯಲೆಂದು ಹಂಬಲಿಸಿದ ತಾಯಿತಂದೆಯರು ಎಷ್ಟೋ ಮಂದಿ. ಆ ಹೆಸರು ಅಮೆರಿಕದ ಒಹಾಯೊ ಸಂಸ್ಥಾನದ ಬೆರಿಯಾ ಎಂಬ ಊರಿನಲ್ಲಿದ್ದ ಜಾನ್ ಬಾಲ್ಡ್‌ವಿನ್ ಎಂಬ ದಾನಿಯದು. ಅವರ ಕೊಡುಗೆಯ ನೆನಪಿಗಾಗಿ 1880ರಲ್ಲಿ ಆ ಹೆಸರು ನಮ್ಮ ರಾಜಧಾನಿಯಲ್ಲಿ ಬೇರೂರಿತು. ಆದರೆ ಸಾವಿರಾರು ಹರದಾರಿ ದೂರದ ಒಬ್ಬ ದಾನಿಗೆ ಬೆಂಗಳೂರಿನ ಮಕ್ಕಳ ನೆನಪಾದುದಾದರೂ ಹೇಗೆ? ಈ ಪ್ರಶ್ನೆಗೆ ಉತ್ತರ ಹುಡುಕುತ್ತ ಹೋದರೆ ನಮಗೆ ಎದುರಾಗುವವರು ಇನ್ನೊಬ್ಬ ಅಮೆರಿಕನ್ನರು: ನೀಳವಾದ ಗಡ್ಡ, ಎತ್ತರದ ನಿಲುವು, ಬಯಲಿನಲ್ಲಿ ಸಾವಿರ ಜನರಿಗೆ ಕೇಳಿಸುವ ಕಂಠ. ವಿಲಿಯಂ ಟೇಲರ್ ಎಂಬುದು ಅವರ ಹೆಸರು. 'ಕ್ಯಾಲಿಫೋರ್ನಿಯ ಟೇಲರ್' ಎಂದರೆ ಆ ಕಾಲಕ್ಕೆ ಐದು ಖಂಡಗಳಲ್ಲಿ ಬಲ್ಲವರಿದ್ದರು.

ಇಲ್ಲೊಂದು ಸೋಜಿಗವಿದೆ. ಅಮೆರಿಕದ ಹಣದಿಂದ ಹೆಸರು ಪಡೆದ ಶಾಲೆಗಳಿಗೆ ದಾರಿ ತೆರೆದ ಈ ಬೋಧಕರು, ತಮ್ಮ ಬಾಳೆಲ್ಲ ಸಾಧಿಸಿದ ತತ್ತ್ವ ಒಂದೇ: ಬೋಧಕನ ಅನ್ನವನ್ನು ಅವನ ಮಾತು ಕೇಳುವ ಜನರೇ ಕೊಡಬೇಕು, ಹೊರನಾಡಿನ ಮಂಡಳಿಯ ಸಂಬಳದಿಂದ ಬದುಕಿದ ಧರ್ಮ ಯಾವ ನೆಲದಲ್ಲಿಯೂ ಬೇರು ಬಿಡಲಾರದು. ಈ ಮಾತು ಎಲ್ಲಿಯವರೆಗೆ ನಿಂತಿತು, ಎಲ್ಲಿ ಸೋತಿತು ಎಂಬುದೇ ಅವರ ಜೀವನದ ಕಥೆ. ಆ ಕಥೆಯ ಒಂದು ಮುಖ್ಯ ಅಧ್ಯಾಯ ನಡೆದದ್ದು ನಮ್ಮ ಬೆಂಗಳೂರಿನಲ್ಲಿ.

ಚಿನ್ನದ ಊರಿನಲ್ಲಿ

ವಿಲಿಯಂ ಟೇಲರರು ಹುಟ್ಟಿದ್ದು 1821ರ ಮೇ 2ರಂದು, ವರ್ಜೀನಿಯ ಸಂಸ್ಥಾನದ ರಾಕ್‌ಬ್ರಿಜ್ ಎಂಬ ಗುಡ್ಡಗಾಡಿನ ಪ್ರಾಂತದಲ್ಲಿ. ತಂದೆ ಬೇಸಾಯದ ಜೊತೆಗೆ ಚರ್ಮ ಹದಮಾಡುವ ಕಸುಬನ್ನೂ ನಡೆಸುತ್ತಿದ್ದರು. ಆಗಿನ ಅಮೆರಿಕದ ಹಳ್ಳಿಗಾಡಿನಲ್ಲಿ ಮೆಥೋಡಿಸ್ಟ್ ಪಂಥದ ಬೋಧಕರು ಒಂದೆಡೆ ನೆಲೆನಿಲ್ಲುತ್ತಿರಲಿಲ್ಲ. ಕುದುರೆಯೇರಿ ಊರಿಂದ ಊರಿಗೆ ಸಂಚರಿಸಿ, ಕೊಟ್ಟಿಗೆಯಲ್ಲಿಯೋ ಮರದ ಕೆಳಗೋ ಜನರನ್ನು ಕೂಡಿಸಿ ಉಪದೇಶ ಮಾಡಿ ಮುಂದೆ ಸಾಗುತ್ತಿದ್ದರು. ಚರಜಂಗಮರ ಸಂಪ್ರದಾಯವನ್ನು ಬಲ್ಲ ಚಿತ್ರದುರ್ಗ ಸೀಮೆಯ ಓದುಗರಿಗೆ ಈ ಪದ್ಧತಿಯನ್ನು ಹೆಚ್ಚು ವಿವರಿಸಬೇಕಾಗಿಲ್ಲ. ಇಪ್ಪತ್ತರ ಹರೆಯದಲ್ಲಿ ಇಂಥದೊಂದು ಬಯಲು ಸಭೆಯಲ್ಲಿ ಮನಸ್ಸು ತಿರುಗಿದ ಟೇಲರರು 1843ರಲ್ಲಿ ಸಂಚಾರಿ ಬೋಧಕರಾದರು. 1846ರಲ್ಲಿ ಆನಿ ಕಿಂಬರ್ಲಿನ್ ಎಂಬ ತರುಣಿಯನ್ನು ವರಿಸಿದರು.

1848ರಲ್ಲಿ ಕ್ಯಾಲಿಫೋರ್ನಿಯದಲ್ಲಿ ಚಿನ್ನ ಸಿಕ್ಕಿತೆಂಬ ಸುದ್ದಿ ಹಬ್ಬಿತು. ಲೋಕದ ನಾಲ್ಕು ದಿಕ್ಕಿನಿಂದ ಜನ ಅತ್ತ ಧಾವಿಸಿದರು. ಆ ಜನಸಾಗರಕ್ಕೆ ಬೋಧಕರಾಗಿ ಟೇಲರರನ್ನು ಅವರ ಸಭೆ ಕಳುಹಿಸಿತು. 1849ರ ಸೆಪ್ಟೆಂಬರಿನಲ್ಲಿ ಅವರು ಹೆಂಡತಿಯೊಂದಿಗೆ ಸ್ಯಾನ್‌ಫ್ರಾನ್ಸಿಸ್ಕೊ ತಲಪಿದಾಗ ಆ ಊರು ಊರಾಗಿರಲಿಲ್ಲ. ಡೇರೆಗಳ, ಹಲಗೆಮನೆಗಳ ಸಂತೆಯಾಗಿತ್ತು. ಮರದ ಹಲಗೆಯ ಬೆಲೆ ಗಗನಕ್ಕೇರಿತ್ತು. ಬಾಡಿಗೆ ತೆರಲು ಶಕ್ತಿಯಿಲ್ಲದ ಬೋಧಕರು ಕೊಡಲಿ ಹೆಗಲಿಗೇರಿಸಿ ಕೊಲ್ಲಿಯಾಚೆಯ ಕಾಡಿಗೆ ಹೋಗಿ, ಮರ ಕಡಿದು ಸೀಳಿ, ತಮ್ಮ ಮನೆಯ ಸಾಮಗ್ರಿಯನ್ನು ತಾವೇ ಸಿದ್ಧಪಡಿಸಿದರು. ಕೈದುಡಿಮೆಯಲ್ಲಿ ಅವರಿಗಿದ್ದ ಈ ಗೌರವ ಕೊನೆಯವರೆಗೂ ಕುಂದಲಿಲ್ಲ. ನಾವು 'ಕಾಯಕ' ಎನ್ನುವ ಮಾತನ್ನು ಅವರು ಕೇಳಿರಲಾರರು. ಅದರ ತಿರುಳನ್ನು ಬಲ್ಲವರಾಗಿದ್ದರು.

ಊರಿನ ನಡುವೆ ಪೋರ್ಟ್ಸ್‌ಮತ್ ಚೌಕವೆಂಬ ಬಯಲು. ಸುತ್ತಲೂ ಜೂಜುಕಟ್ಟೆಗಳು, ಮದ್ಯದಂಗಡಿಗಳು. ಅಲ್ಲಿ ಗಾನವಾದ್ಯಗಳು ಮೊಳಗುವುದೂ ಬಂಗಾರದ ಪುಡಿ ತುಂಬಿದ ಚೀಲಗಳು ಕೈಯಿಂದ ಕೈಗೆ ದಾಟುವುದೂ ದಿನನಿತ್ಯದ ನೋಟವಾಗಿತ್ತು. 1849ರ ಡಿಸೆಂಬರಿನಲ್ಲಿ ಟೇಲರರು ಆ ಚೌಕದಲ್ಲಿ, ಜೂಜುಕಟ್ಟೆಯ ಎದುರಿಗೇ, ಬಡಗಿಯೊಬ್ಬನ ಕೆಲಸದ ಮಣೆಯನ್ನೇರಿ ನಿಂತು ತಾರಸ್ವರದಲ್ಲಿ ಹಾಡತೊಡಗಿದರು. ಜೂಜಾಡುತ್ತಿದ್ದವರು ಇದೇನು ಗದ್ದಲವೆಂದು ಹೊರಗೆ ಬಂದರು. ಹಾಡು ಮುಗಿಯುವಷ್ಟರಲ್ಲಿ ಜನ ನೆರೆದಿತ್ತು, ಉಪದೇಶ ಆರಂಭವಾಯಿತು. ಕೆಲವರು ಹಾಸ್ಯ ಮಾಡಿದರು, ಕೆಲವರು ಕಣ್ಣೊರೆಸಿಕೊಂಡರು. ಏಳು ವರ್ಷಗಳ ಕಾಲ ಈ ಕ್ರಮ ತಪ್ಪಲಿಲ್ಲ. ಚಿನ್ನ ಸಿಗದೆ ಕಂಗಾಲಾಗಿ, ರೋಗ ಬಡಿದು ಆಸ್ಪತ್ರೆ ಸೇರಿದವರ ಹಾಸಿಗೆಯ ಬಳಿಯಲ್ಲಿಯೂ ಅದೇ ಟೇಲರರು ಕಾಣಿಸುತ್ತಿದ್ದರು. ಜನ ಅವರ ಮಾತಿಗೆ ಕಿವಿಗೊಟ್ಟದ್ದು ಬರಿಯ ಕಂಠಬಲದಿಂದಲ್ಲ. ಈ ಸೇವೆಯಿಂದಲೂ ಹೌದು.

ಸಾಲ ತೋರಿಸಿದ ದಾರಿ

ಟೇಲರರು ವಿಶ್ವಸಂಚಾರಿಯಾದದ್ದು ಯಾವುದೋ ದೊಡ್ಡ ಯೋಜನೆಯಿಂದಲ್ಲ. ಸಾಲದಿಂದ! ಸ್ಯಾನ್‌ಫ್ರಾನ್ಸಿಸ್ಕೊದಲ್ಲಿ ನಾವಿಕರಿಗಾಗಿ ಅವರು ಪ್ರಾರ್ಥನಾಮಂದಿರವನ್ನೂ ವಸತಿಗೃಹವನ್ನೂ ಎಬ್ಬಿಸಿದ್ದರು. ಆ ಊರು ಮತ್ತೆ ಮತ್ತೆ ಬೆಂಕಿಗೆ ತುತ್ತಾಗುತ್ತಿದ್ದ ಊರು. 1855ರಲ್ಲಿ ಅದರ ಬ್ಯಾಂಕುಗಳೂ ಕುಸಿದುಬಿದ್ದವು. ಕಟ್ಟಡಗಳ ಮೇಲಿನ ಭಾರಿ ಸಾಲ ಹಾಗೆಯೇ ಉಳಿಯಿತು. ಆ ಋಣವನ್ನು ಸಭೆಯ ತಲೆಯ ಮೇಲೆ ಹಾಕದೆ ಟೇಲರರು ತಮ್ಮ ತಲೆಯ ಮೇಲೆ ಹೊತ್ತುಕೊಂಡರು. ತೀರಿಸುವ ಬಗೆ? ಅವರಲ್ಲಿದ್ದ ಬಂಡವಾಳ ಅನುಭವ ಒಂದೇ. 1856ರಲ್ಲಿ ಬೀದಿಬೋಧನೆಯ ಏಳು ವರ್ಷಗಳನ್ನು ಕುರಿತು ಪುಸ್ತಕ ಬರೆದು ಅಚ್ಚು ಹಾಕಿಸಿದರು. ಊರೂರು ತಿರುಗಿ ಉಪದೇಶ ಮಾಡಿ, ಪುಸ್ತಕ ಮಾರಿ, ಸಾಲ ತೀರಿಸುತ್ತ ನಡೆದರು. ಉಪದೇಶಕ್ಕೆ ಕಾಣಿಕೆ ಮುಟ್ಟುವುದಿಲ್ಲ, ಬದುಕಿಗೆ ಪುಸ್ತಕದ ಹಣವೇ ಸಾಕು ಎಂಬ ನಿಯಮ ಅವರ ಬಾಳಿಗೆ ಅಂಟಿಕೊಂಡದ್ದು ಹೀಗೆ.

ಪುಸ್ತಕದ ಗಂಟು ಹೊತ್ತು ಅಮೆರಿಕ, ಕೆನಡಗಳನ್ನು ಸುತ್ತಿ 1863ರಲ್ಲಿ ಆಸ್ಟ್ರೇಲಿಯ ಮುಟ್ಟಿದರು. ಅಲ್ಲಿಗೆ ಹೆಂಡತಿ ಮಕ್ಕಳೂ ಬಂದು ಸೇರಿದಾಗ ಹಿರಿಯ ಮಗ ಕಾಯಿಲೆ ಬಿದ್ದ. ವೈದ್ಯರು ದಕ್ಷಿಣ ಆಫ್ರಿಕದ ಹವೆ ಒಳ್ಳೆಯದೆಂದರು. ಮಗನ ಆರೋಗ್ಯಕ್ಕಾಗಿ 1866ರಲ್ಲಿ ಕೈಗೊಂಡ ಆ ಪ್ರಯಾಣವೇ ಟೇಲರರ ಜೀವನದ ಅತ್ಯಂತ ದೊಡ್ಡ ಯಶಸ್ಸಿಗೆ ಕಾರಣವಾಯಿತು.

ದುಭಾಷಿಯ ನಾಲಗೆ

ದಕ್ಷಿಣ ಆಫ್ರಿಕದ ಷೋಸಾ ಜನರ ಭಾಷೆ ಟೇಲರರಿಗೆ ಒಂದಕ್ಷರವೂ ತಿಳಿಯದು. ಅಲ್ಲಿ ಅವರಿಗೆ ದೊರೆತವರು ಚಾರ್ಲ್ಸ್ ಪಾಮ್ಲಾ ಎಂಬ ಆಫ್ರಿಕದ ತರುಣ. ಟೇಲರರು ಸಭೆಗೆ ಮುಂಚೆ ಪಾಮ್ಲಾ ಒಬ್ಬರನ್ನೇ ಕೂಡಿಸಿಕೊಂಡು ಅಂದಿನ ಉಪದೇಶವನ್ನೆಲ್ಲ ಹೇಳಿ ತೋರಿಸುವರು. ಪಾಮ್ಲಾ ಅದನ್ನು ಮನಸ್ಸಿನಲ್ಲಿ ಅರಗಿಸಿಕೊಂಡು, ಸಭೆಯಲ್ಲಿ ವಾಕ್ಯಕ್ಕೆ ವಾಕ್ಯ ತಮ್ಮ ಭಾಷೆಯಲ್ಲಿ ನುಡಿಯುವರು. ಮಾತು ಅಮೆರಿಕನ್ನರದು, ಧ್ವನಿ, ಉಪಮೆ, ಒತ್ತು, ಬಿಡುವುಗಳು ಆ ನೆಲದವು. ಕೆಲವೇ ತಿಂಗಳಲ್ಲಿ ಸಾವಿರಾರು ಷೋಸಾ ಜನರು ಆ ಸಭೆಗಳನ್ನು ಸೇರಿದರು. ಟೇಲರರು ಅಲ್ಲಿಂದ ಹೊರಟುಹೋದ ಮೇಲೂ ಪಾಮ್ಲಾ ಅವರ ಬೋಧನೆ ನಿಲ್ಲಲಿಲ್ಲ. ಮುಂದೆ ಅವರು ದೀಕ್ಷೆ ಪಡೆದ ಬೋಧಕರಾಗಿ ದೀರ್ಘಕಾಲ ದುಡಿದರು.

ಈ ಯಶಸ್ಸಿನ ಕೀರ್ತಿಯಲ್ಲಿ ಎಷ್ಟು ಪಾಲು ಟೇಲರರದು, ಎಷ್ಟು ಪಾಲು ಪಾಮ್ಲಾ ಅವರದು? ಚರಿತ್ರಕಾರರು ಈಚೆಗೆ ಪಾಮ್ಲಾ ಅವರ ಪಾಲನ್ನು ಹಿಂದೆಂದಿಗಿಂತ ಹೆಚ್ಚೆಂದು ಎಣಿಸುತ್ತಿದ್ದಾರೆ. ಕೇಳುಗನ ಮನೆಯ ಮಾತಿನಲ್ಲಿ ನುಡಿಯುವವನು ದೊರೆತಾಗ ಮಾತ್ರ ಬೋಧನೆ ಮನೆಯೊಳಗೆ ಹೊಕ್ಕಿತು ಎಂಬುದಂತೂ ಸ್ಪಷ್ಟ. ಈ ಸಂಗತಿಯನ್ನು ನೆನಪಿನಲ್ಲಿಟ್ಟುಕೊಂಡು ನಾವು ಭಾರತಕ್ಕೆ ಬರೋಣ.

ಬೆಂಗಳೂರು, 1874

ಲಕ್ನೋ ನಗರದಲ್ಲಿ ಜೇಮ್ಸ್ ಥೋಬರ್ನ್ ಎಂಬ ಅಮೆರಿಕದ ಮೆಥೋಡಿಸ್ಟ್ ಮಿಷನರಿ ಇದ್ದರು. ಅವರ ಆಹ್ವಾನದ ಮೇರೆಗೆ ಟೇಲರರು 1870ರ ನವೆಂಬರಿನಲ್ಲಿ ಅಲ್ಲಿಗೆ ಬಂದರು. ಉತ್ತರ ಹಿಂದೂಸ್ಥಾನದ ಪಟ್ಟಣಗಳಲ್ಲಿ ದುಭಾಷಿಗಳ ಮೂಲಕ ಬೋಧಿಸಿದರು. ಆದರೆ ಇಲ್ಲಿ ಎರಡನೆಯ ಪಾಮ್ಲಾ ದೊರೆಯಲಿಲ್ಲ. ಆಫ್ರಿಕದಲ್ಲಿ ಕಂಡ ಉಕ್ಕಂದವೂ ಏಳಲಿಲ್ಲ. 1871ರ ಕೊನೆಗೆ ಮುಂಬಯಿಗೆ ಹೋಗಿ ಇಂಗ್ಲಿಷಿನಲ್ಲಿಯೇ ಬೋಧಿಸತೊಡಗಿದಾಗ ಗಾಳಿ ತಿರುಗಿತು. ಕೇಳಬಂದವರು ರೈಲ್ವೆಯ ನೌಕರರು, ಕಚೇರಿಯ ಗುಮಾಸ್ತರು, ಸೈನಿಕರು, ಆಂಗ್ಲೋ-ಇಂಡಿಯನ್ ಕುಟುಂಬಗಳವರು. ಮೇಲಿನ ಅಧಿಕಾರಿವರ್ಗದ ಚರ್ಚುಗಳಲ್ಲಿ ಹಿಂದಿನ ಸಾಲಿನಲ್ಲಿ ಕೂಡುತ್ತಿದ್ದ ಈ ಜನ, ತಮ್ಮನ್ನು ಹೆಸರು ಹಿಡಿದು ವಿಚಾರಿಸುವ ಬೋಧಕನನ್ನು ಕಂಡು ಹಿಗ್ಗಿದರು.

ಟೇಲರರ ಕಾರ್ಯಕ್ರಮ ಸರಳವಾಗಿತ್ತು. ದೊಡ್ಡ ಕಟ್ಟಡಕ್ಕಾಗಿ ಕಾಯುವುದು ಬೇಡ. ಒಬ್ಬರ ಮನೆಯ ಹಜಾರದಲ್ಲಿ ಹತ್ತು ಹದಿನೈದು ಮಂದಿ ಕೂಡಲಿ. ಅವರಲ್ಲಿಯೇ ಒಬ್ಬ ಮುಂದಾಳಾಗಲಿ. ಬೋಧಕನ ಖರ್ಚನ್ನು ಅವರೇ ಹಂಚಿಕೊಳ್ಳಲಿ. ಹೀಗೆ ಮುಂಬಯಿ, ಪುಣೆ, ಕಲ್ಕತ್ತ, ಮದರಾಸುಗಳಲ್ಲಿ ಸಭೆಗಳು ಏರ್ಪಟ್ಟವು. ಮುಂಬಯಿಯಲ್ಲಿ ಅವರನ್ನು ಸೇರಿದ ಜಾರ್ಜ್ ಬೋವೆನ್ ಎಂಬ ಅಮೆರಿಕದವರು ಮಿಷನ್ ಮಂಡಳಿಯ ಸಂಬಳವನ್ನು ಬಹು ಹಿಂದೆಯೇ ತೊರೆದು, ಪೇಟೆಯ ನಡುವೆ ಅತಿ ಸರಳವಾಗಿ ಬಾಳುತ್ತ ಪತ್ರಿಕೆ ನಡೆಸುತ್ತಿದ್ದ ಮಹನೀಯರು. ಟೇಲರರ ತತ್ತ್ವಕ್ಕೆ ಅಂಥವರ ಬಾಳೇ ಸಾಕ್ಷಿಯಾಯಿತು.

1874ರಲ್ಲಿ ಟೇಲರರು ಬೆಂಗಳೂರಿಗೆ ಬಂದರು. ಆಗ ಮೈಸೂರು ಸಂಸ್ಥಾನ ಬ್ರಿಟಿಷ್ ಕಮಿಷನರರ ಆಡಳಿತದಲ್ಲಿತ್ತು. ಒಡೆಯರ ವಂಶಕ್ಕೆ ರಾಜ್ಯ ಹಿಂದಿರುಗಿದ್ದು 1881ರಲ್ಲಿ. ಬೆಂಗಳೂರೆಂದರೆ ಆ ದಿನಗಳಲ್ಲಿ ಎರಡು ಊರುಗಳು. ಒಂದು ಕೆಂಪೇಗೌಡರ ಕಾಲದ ಪೇಟೆ. ಇನ್ನೊಂದು 1809ರಲ್ಲಿ ನೆಲೆಗೊಂಡ ಬ್ರಿಟಿಷರ ದಂಡು. ಪೇಟೆಯಲ್ಲಿ ಕನ್ನಡ, ತೆಲುಗುಗಳು ಕೇಳಿಸಿದರೆ ದಂಡಿನಲ್ಲಿ ಇಂಗ್ಲಿಷ್, ತಮಿಳು, ಹಿಂದೂಸ್ಥಾನಿಗಳ ಕಲರವ. 1864ರಲ್ಲಿ ಜೋಲಾರಪೇಟೆಯ ಕಡೆಯಿಂದ ಬಂದ ರೈಲು ದಂಡಿನ ನಿಲ್ದಾಣಕ್ಕೆ ಬಂದು ನಿಂತಿತ್ತು. ಟೇಲರರನ್ನು ಮದರಾಸಿನಿಂದ ಇಲ್ಲಿಗೆ ಕರೆತರುವ ದಾರಿ ಸಿದ್ಧವಾಗಿತ್ತು. ಅವರ ಮಾತನ್ನು ಕೇಳುವ ರೈಲ್ವೆಯ ಮತ್ತು ಸೈನ್ಯದ ಕುಟುಂಬಗಳೂ ಇಲ್ಲಿದ್ದವು. ದಂಡಿನಲ್ಲಿ ಸಭೆಗಳು ನಡೆದವು. ಮೆಥೋಡಿಸ್ಟ್ ಸಮುದಾಯವೊಂದು ರೂಪುಗೊಂಡಿತು. ಆ ಸಮುದಾಯದ ಬೆಳವಣಿಗೆಯ ಫಲವಾಗಿಯೇ ಮುಂದೆ ಬಾಲ್ಡ್‌ವಿನ್ ಶಾಲೆಗಳು ಎದ್ದವು. 1876ರಲ್ಲಿ ಅವರ ಸಭೆಗಳೆಲ್ಲ ಕೂಡಿ ಅಮೆರಿಕದ ಮೆಥೋಡಿಸ್ಟ್ ಸಂಸ್ಥೆಯ 'ದಕ್ಷಿಣ ಭಾರತ ಸಮ್ಮೇಳನ'ವೆಂಬ ವಿಭಾಗವಾದುವು.

ಆದರೆ ಪೇಟೆಗೂ ದಂಡಿಗೂ ನಡುವೆ ಇದ್ದ ಆ ಕೆಲವೇ ಮೈಲಿಗಳನ್ನು ಟೇಲರರ ಮಾತು ದಾಟಲಿಲ್ಲ. ಇನ್ನು ಚಿತ್ರದುರ್ಗ, ಹೊಳಲ್ಕೆರೆಗಳ ಮಾತಂತೂ ದೂರ. ಚಿಕ್ಕಜಾಜೂರಿನ ಮೂಲಕ ಇಂದು ಸಾಗುವ ರೈಲುದಾರಿ ಆಗ ಇನ್ನೂ ಹುಟ್ಟಿರಲಿಲ್ಲ. ಬಯಲು ಗಣಪತಿಯ ಊರಾದ ಹೊಳಲ್ಕೆರೆಯ ಸಂತೆಯಲ್ಲಿ ಬುತ್ತಿ ಬಿಚ್ಚಿ ಕುಳಿತ ರೈತನಿಗೆ, ಅಮೆರಿಕದ ಬಡಗಿಮಣೆಯ ಮೇಲೆ ನಿಂತು ಕೂಗಿದ ಈ ಬೋಧಕನ ಹೆಸರು ಕೂಡ ಮುಟ್ಟಿರಲಾರದು.

ಬರ ಬಂದಾಗ

ಟೇಲರರು 1875ರಲ್ಲಿ ಭಾರತದಿಂದ ಹೊರಟರು. ಅದರ ಮರುವರ್ಷವೇ ಮೈಸೂರು ಸೀಮೆಯ ಮೇಲೆ ಬರಗಾಲ ಎರಗಿತು. ಧಾತು, ಈಶ್ವರ ಸಂವತ್ಸರಗಳ ಆ ಬರವನ್ನು ನಮ್ಮ ಅಜ್ಜಂದಿರ ಅಜ್ಜಂದಿರು ಹಸಿವಿನ ಅಳತೆಗೋಲಾಗಿ ಬಳಸುತ್ತಿದ್ದರು. 1871ರ ಜನಗಣತಿಯಲ್ಲಿ 50 ಲಕ್ಷಕ್ಕೆ ಮೀರಿದ್ದ ಸಂಸ್ಥಾನದ ಜನಸಂಖ್ಯೆ 1881ರ ಹೊತ್ತಿಗೆ 42 ಲಕ್ಷಕ್ಕೆ ಇಳಿದಿತ್ತು ಎಂದರೆ ಅದರ ಕ್ರೌರ್ಯವನ್ನು ಊಹಿಸಿಕೊಳ್ಳಬಹುದು.

ಟೇಲರರ ತತ್ತ್ವಕ್ಕೆ ನಿಜವಾದ ಪರೀಕ್ಷೆ ಬಂದದ್ದು ಇಲ್ಲಿ. 'ಕೇಳುವವರೇ ಕೊಡಲಿ' ಎಂಬ ಮಾತು ತಿಂಗಳ ಸಂಬಳ ಎಣಿಸುವ ರೈಲ್ವೆ ನೌಕರನ ಮನೆಯಲ್ಲಿ ಚೆನ್ನಾಗಿ ನಡೆಯುತ್ತದೆ. ಹಸಿದು ಹಾದಿಬದಿಯಲ್ಲಿ ಬಿದ್ದ ಅನಾಥ ಮಗುವಿನ ಎದುರು ಆ ಮಾತಿಗೆ ಅರ್ಥವೇನು? ಆ ಕಾಲದಲ್ಲಿ ಕೋಲಾರದಲ್ಲಿ ಆನ್‌ಸ್ಟಿ ಎಂಬ ಇಂಗ್ಲಿಷ್ ಮಹಿಳೆ ಬರದಲ್ಲಿ ದಿಕ್ಕುಗೆಟ್ಟ ಮಕ್ಕಳಿಗಾಗಿ ಅನಾಥಾಲಯ ನಡೆಸಿದರು. 1890ರ ಸುಮಾರಿಗೆ ಆ ಹೊಣೆಯನ್ನು ಅಮೆರಿಕದ ಮೆಥೋಡಿಸ್ಟರು ವಹಿಸಿಕೊಂಡರು. ಅದರೊಂದಿಗೆ ಅವರ ಕೆಲಸ ದಂಡಿನ ಗಡಿಯನ್ನು ಬಿಟ್ಟು ಕನ್ನಡದ ನೆಲಕ್ಕೆ ಇಳಿಯಿತು. ಆಗ ಬೇಕಾದದ್ದು ಬರಿಯ ಕಂಠವಲ್ಲ. ಗಂಜಿ, ಔಷಧಿ, ಪಾಠಶಾಲೆ. ಅವಕ್ಕೆ ಹಣ ಬಂದದ್ದು ಕಡಲಾಚೆಯಿಂದಲೇ. ಕೋಲಾರದಲ್ಲಿ ಇ.ಟಿ.ಸಿ.ಎಂ. ಎಂದು ಜನ ಕರೆಯುವ ಆಸ್ಪತ್ರೆಯ ಹೆಸರನ್ನು ಬಿಡಿಸಿದರೆ 'ಎಲೆನ್ ಥೋಬರ್ನ್ ಕೋವೆನ್ ಸ್ಮಾರಕ' ಎಂದಾಗುತ್ತದೆ. ಟೇಲರರನ್ನು ಭಾರತಕ್ಕೆ ಕರೆದ ಥೋಬರ್ನರ ಮನೆತನದ ಹೆಸರು ಅದು. ಬೀದರ, ಕಲಬುರಗಿ, ರಾಯಚೂರುಗಳಿಗೂ ಈ ಸೇವೆ ಹಬ್ಬಿತು.

ಟೇಲರರು ತಮ್ಮ ತತ್ತ್ವದಲ್ಲಿ ಒಂದು ಬಾಗಿಲನ್ನು ತೆರೆದೇ ಇಟ್ಟಿದ್ದರೆಂಬುದನ್ನೂ ಹೇಳಬೇಕು. ಬೋಧಕನ ಹಡಗಿನ ಖರ್ಚನ್ನೂ ಕಟ್ಟಡದ ಖರ್ಚನ್ನೂ ದೂರದ ದಾನಿಗಳು ಕೊಡಬಹುದು. ಅವನ ನಿತ್ಯದ ಅನ್ನವನ್ನು ಮಾತ್ರ ಕೊಡಬಾರದು ಎಂಬುದು ಮುಂದೆ ಅವರು ಎಳೆದ ಗೆರೆ. ಬಾಲ್ಡ್‌ವಿನ್ನರಂಥ ದಾನಿಗಳು ಬಂದದ್ದು ಇಂಥ ಬಾಗಿಲಿನಿಂದ. ಕಾಯಕದ ಜೊತೆಗೇ ದಾಸೋಹವನ್ನೂ ಹೇಳಿದ ನಮ್ಮ ಶರಣರಿಗೆ ಈ ತೊಡಕು ಹೊಸದಲ್ಲ. ದುಡಿಯಬಲ್ಲವನು ದುಡಿದು ಉಣ್ಣಬೇಕು; ದುಡಿಯಲಾರದವನಿಗೆ ಉಣಿಸಬೇಕು. ಚಿತ್ರದುರ್ಗದ ಮುರುಘಾಮಠ, ಸಿರಿಗೆರೆಯ ಮಠಗಳು ಭಕ್ತರ ಕಾಣಿಕೆಯಿಂದ ವಿದ್ಯಾರ್ಥಿನಿಲಯಗಳನ್ನು ನಡೆಸಿ ಬಡ ಮಕ್ಕಳಿಗೆ ಅನ್ನವನ್ನೂ ಅಕ್ಷರವನ್ನೂ ಕೊಟ್ಟದ್ದು ಈ ಎರಡು ಮಾತುಗಳನ್ನು ಕೂಡಿಸಿಯೇ. ಟೇಲರರು ಮೊದಲ ಮಾತನ್ನು ಲೋಕಕ್ಕೆಲ್ಲ ಸಾರಿದರು. ಎರಡನೆಯದನ್ನು ಬರಗಾಲ ಅವರ ಉತ್ತರಾಧಿಕಾರಿಗಳಿಗೆ ಕಲಿಸಿತು.

ಮನೆಯಲ್ಲಿ ಉಳಿದವರು

ಇಷ್ಟೆಲ್ಲ ಸಂಚಾರದ ನಡುವೆ ಟೇಲರರ ಸಂಸಾರದ ಗತಿಯೇನು ಎಂದು ನಮ್ಮ ಸೋದರಿಯರು ಕೇಳದಿರಲಾರರು. ಆ ಪ್ರಶ್ನೆ ನ್ಯಾಯವಾದದ್ದೇ. ಆನಿ ಟೇಲರರು ಕ್ಯಾಲಿಫೋರ್ನಿಯದ ಅಲಮೇಡ ಎಂಬ ಊರಿನಲ್ಲಿ ಮನೆ ನಡೆಸಿದರು. ಹುಟ್ಟಿದ ಮಕ್ಕಳಲ್ಲಿ ಹಲವರನ್ನು ಚಿಕ್ಕಂದಿನಲ್ಲಿಯೇ ಕಳೆದುಕೊಂಡರು. ಉಳಿದ ಗಂಡುಮಕ್ಕಳನ್ನು ಬಹುಮಟ್ಟಿಗೆ ಒಂಟಿಯಾಗಿಯೇ ಬೆಳೆಸಿದರು. ಗಂಡನ ಕಾಗದಗಳು ತಿಂಗಳುಗಟ್ಟಲೆ ಕಡಲ ಮೇಲೆ ತೇಲಿ ಬರುತ್ತಿದ್ದ ಕಾಲ ಅದು. ವರ್ಷಗಟ್ಟಲೆ ಮುಖ ಕಾಣದ ಗಂಡನ ಕೀರ್ತಿಯನ್ನು ಪತ್ರಿಕೆಗಳಲ್ಲಿ ಓದುವುದೆಂದರೆ ಸುಲಭದ ಬಾಳಲ್ಲ. ಸಭೆಗಳ ಲೆಕ್ಕಪುಸ್ತಕಗಳಲ್ಲಿ 'ಸ್ವಾವಲಂಬನೆ' ಎಂದು ಬರೆದುಕೊಂಡದ್ದರ ನಿಜವಾದ ಬೆಲೆಯ ದೊಡ್ಡ ಪಾಲನ್ನು ತೆತ್ತವರು ಈ ತಾಯಿ. ದೇಶಾಂತರ ಹೋದ ಸಾಧುಸಂತರ ಚರಿತ್ರೆಗಳಲ್ಲಿ ಎಲ್ಲಿಯೂ ಹೀಗೆಯೇ: ಹೊರಟವನಿಗೆ ಒಂದು ಅಧ್ಯಾಯ, ಉಳಿದವಳಿಗೆ ಒಂದು ವಾಕ್ಯ.

ಟೇಲರರ ಹೆಸರಿನೊಂದಿಗೆ ಅಂಟಿಕೊಂಡ ಇನ್ನೊಂದು ಕಥೆಯೂ ಈ ತಾಯಿಯ ಅಂಗಳಕ್ಕೆ ಸೇರಿದ್ದು. ಆಸ್ಟ್ರೇಲಿಯದಿಂದ ಅವರು ನೀಲಗಿರಿ ಮರದ ಬೀಜಗಳನ್ನು ಹೆಂಡತಿಗೆ ಕಳುಹಿಸಿದರೆಂದೂ ಕ್ಯಾಲಿಫೋರ್ನಿಯದಲ್ಲಿ ಆ ಮರ ಹಬ್ಬಲು ಅದೂ ಒಂದು ಕಾರಣವೆಂದೂ ಹೇಳುತ್ತಾರೆ. ಅವರಿಗಿಂತ ಮೊದಲೇ, 1850ರ ದಶಕದಲ್ಲಿ, ಬೇರೆಯವರು ಅಲ್ಲಿ ಆ ಬೀಜ ಬಿತ್ತಿದ್ದರು ಎಂಬುದೂ ನಿಜ. ಅದೇ ಮರ ನಮ್ಮ ನಂದಿಬೆಟ್ಟಕ್ಕೆ ಟಿಪ್ಪುವಿನ ಕಾಲದಲ್ಲಿಯೇ ಬಂತೆಂಬ ಪ್ರತೀತಿಯಿದೆ. ಟೇಲರರ ಕಾಲದಲ್ಲಿ ಮಲೇರಿಯಕ್ಕೆ ಮದ್ದೆಂದು ಲೋಕ ಕೊಂಡಾಡಿದ ಈ ಮರವನ್ನು, ಅಂತರ್ಜಲ ಹೀರುತ್ತದೆಂಬ ದೂರಿನ ಮೇಲೆ, 2017ರಲ್ಲಿ ಕರ್ನಾಟಕ ಸರ್ಕಾರ ಹೊಸದಾಗಿ ನೆಡಬಾರದೆಂದು ನಿಷೇಧಿಸಿತು. ಬಿತ್ತಿದವನ ಆಶಯಕ್ಕೂ ಬೆಳೆದ ಮರದ ಗುಣಕ್ಕೂ ಹೊಂದಿಕೆಯಾಗಲೇಬೇಕೆಂದಿಲ್ಲ. ಈ ಮಾತು ಬೋಧಕರಿಗೂ ಸಲ್ಲುತ್ತದೆ.

ಮಾತಿನ ಗಡಿ

ಕ್ರೈಸ್ತ ಮಿಷನರಿಗಳಿಂದ ಕನ್ನಡಕ್ಕೆ ಆದ ಸೇವೆಯನ್ನು ನೆನೆಯುವಾಗ ನಾವು ಟೇಲರರನ್ನು ಹೆಸರಿಸುವುದಿಲ್ಲ. ಹೆಸರಿಸಲು ಕಾರಣವೂ ಇಲ್ಲ. ಜಾನ್ ಹ್ಯಾಂಡ್ಸ್ ಬಳ್ಳಾರಿಯಲ್ಲಿ ಕುಳಿತು ಕನ್ನಡ ಕಲಿತರು. ಅವರೂ ಅವರ ಜೊತೆಗಾರರೂ ದುಡಿದದ್ದರಿಂದ 1831ರ ಹೊತ್ತಿಗೆ ಬೈಬಲ್ಲು ಕನ್ನಡಕ್ಕೆ ಬಂದಿತು. ಹರ್ಮನ್ ಮೋಗ್ಲಿಂಗರು 1843ರಲ್ಲಿ 'ಮಂಗಳೂರ ಸಮಾಚಾರ'ವನ್ನು ಹೊರಡಿಸಿ ಕನ್ನಡ ಪತ್ರಿಕೋದ್ಯಮಕ್ಕೆ ನಾಂದಿ ಹಾಡಿದರು. ಕಿಟ್ಟೆಲರ ನಿಘಂಟು 1894ರಲ್ಲಿ ಪ್ರಕಟವಾಯಿತು. ಹೊಳಲ್ಕೆರೆಯ ಪಂಡಿತರಿಗೂ ಮೈಸೂರಿನ ಪಂಡಿತರಿಗೂ ಅದು ಸಮಾನವಾಗಿ ಆಪ್ತ. ಇವರೆಲ್ಲ ನಿಧಾನದ ಜನ. ಒಂದೇ ನೆಲದಲ್ಲಿ ವರ್ಷಗಟ್ಟಲೆ ಕುಳಿತು, ಜನರ ಗಾದೆ, ಹಾಡು, ಬೈಗುಳಗಳನ್ನೂ ಕಲಿತವರು. ಟೇಲರರು ವೇಗದ ಜನ. ಐದು ಖಂಡಗಳನ್ನು ಸುತ್ತಿದವರು. ನಾಲ್ಕು ವರ್ಷ ಭಾರತದಲ್ಲಿದ್ದರೂ ಇಲ್ಲಿಯ ಒಂದು ಭಾಷೆಯೂ ಅವರ ನಾಲಗೆಯಲ್ಲಿ ನೆಲಸಲಿಲ್ಲ. ಆಫ್ರಿಕದಲ್ಲಿ ಪಾಮ್ಲಾ ಕಲಿಸಿದ ಪಾಠವನ್ನು ಇಲ್ಲಿ ಅನ್ವಯಿಸಿದ್ದರೆ? ಅವರು ಇಂಗ್ಲಿಷಿನಲ್ಲಿ ಬಿತ್ತಿದರು. ನೂರೈವತ್ತು ವರ್ಷಗಳ ಅನಂತರವೂ ಅವರ ದಾರಿಯಿಂದ ಬಂದ ಬೆಂಗಳೂರಿನ ಅತಿ ಪ್ರಸಿದ್ಧ ಫಲ ಇಂಗ್ಲಿಷ್ ಶಾಲೆಗಳೇ ಆಗಿವೆ.

ಅವರ ತರುವಾಯ ಬಂದ ಅಮೆರಿಕದ ಬೋಧಕರಲ್ಲಿ ಈ ಕೊರತೆಯನ್ನು ಕಂಡುಕೊಂಡವರು ಸ್ಟಾನ್ಲಿ ಜೋನ್ಸ್. ಮೇರಿಲ್ಯಾಂಡಿನವರಾದ ಅವರು 1907ರಲ್ಲಿ ಅದೇ ಮೆಥೋಡಿಸ್ಟ್ ಸಂಸ್ಥೆಯಿಂದ ಅದೇ ಲಕ್ನೋ ನಗರಕ್ಕೆ ಬಂದರು. ಮೊದಲು ಇಂಗ್ಲಿಷ್ ಸಭೆಗೇ ಬೋಧಕರಾದರು. ಆದರೆ ಕಾಲಕ್ರಮದಲ್ಲಿ ಹಿಂದೂ, ಮುಸಲ್ಮಾನ, ಕ್ರೈಸ್ತ ವಿದ್ಯಾವಂತರನ್ನು ದುಂಡುಮೇಜಿನ ಸುತ್ತ ಕೂಡಿಸಿ, ವಾದಿಸದೆ, ತಂತಮ್ಮ ಅನುಭವವನ್ನು ಹೇಳಿಕೊಳ್ಳುವಂತೆ ಮಾಡಿದರು. ಹೇಳುವುದಕ್ಕಿಂತ ಕೇಳುವುದನ್ನು ಕಲಿತ ಬೋಧಕರು ಅವರು. ಗಾಂಧೀಜಿಯವರ ಸ್ನೇಹ ಸಂಪಾದಿಸಿ, 1948ರಲ್ಲಿ ಅವರನ್ನು ಕುರಿತು ಗ್ರಂಥ ಬರೆದರು. ಆ ಗ್ರಂಥವನ್ನು ಓದಿ ಅಹಿಂಸೆಯ ಮಾರ್ಗದಲ್ಲಿ ತಮ್ಮ ನಂಬಿಕೆ ಬಲಗೊಂಡಿತೆಂದು ಮಾರ್ಟಿನ್ ಲೂಥರ್ ಕಿಂಗರು ತಮಗೆ ತಿಳಿಸಿದುದನ್ನು ಜೋನ್ಸರು ಮುಂದೆ ತೃಪ್ತಿಯಿಂದ ನೆನೆಯುತ್ತಿದ್ದರು. ಅಮೆರಿಕದ ಬೋಧಕ ಭಾರತಕ್ಕೆ ಏನನ್ನೋ ಕೊಡಲು ಬಂದು, ಭಾರತದಿಂದ ಪಡೆದದ್ದನ್ನು ಅಮೆರಿಕಕ್ಕೆ ಹಿಂದಿರುಗಿಸಿದ ಪ್ರಸಂಗವಿದು. ಜೋನ್ಸರು 1973ರಲ್ಲಿ ಬರೇಲಿಯಲ್ಲಿ, ಈ ನೆಲದಲ್ಲಿಯೇ, ಕಣ್ಣುಮುಚ್ಚಿದರು. 1956ರಲ್ಲಿ ಬಿಲ್ಲಿ ಗ್ರಹಾಂ ಭಾರತಕ್ಕೆ ಬಂದಾಗ ಧ್ವನಿವರ್ಧಕಗಳಿದ್ದವು, ಮೈದಾನ ತುಂಬಿದ ಜನರಿದ್ದರು. ಆದರೂ ಪಕ್ಕದಲ್ಲಿ ದುಭಾಷಿ ಬೇಕೇ ಬೇಕಾಯಿತು. ಕಂಠದ ಶಕ್ತಿಯನ್ನು ಯಂತ್ರ ಹೆಚ್ಚಿಸೀತು; ಭಾಷೆಯ ಗಡಿಯನ್ನು ದಾಟಿಸುವವನು ಮನುಷ್ಯನೇ.

ಹಠದ ಕೊನೆಯ ಪುಟ

ಭಾರತ ಬಿಟ್ಟ ಮೇಲೂ ಟೇಲರರ ಹಠ ಸಡಿಲಲಿಲ್ಲ. 1877ರಲ್ಲಿ ದಕ್ಷಿಣ ಅಮೆರಿಕಕ್ಕೆ ಹೊರಟಾಗ ಹಡಗಿನ ಅತ್ಯಂತ ಕೆಳದರ್ಜೆಯಲ್ಲಿ ಪಯಣಿಸಿದರು. ನ್ಯೂಯಾರ್ಕಿನ ಮಿಷನ್ ಮಂಡಳಿಗೂ ಅವರಿಗೂ ವಿರಸ ಬೆಳೆಯಿತು. ಹಣ ಕೊಡುವವರು ಆಜ್ಞೆಯನ್ನೂ ಕೊಡುತ್ತಾರೆ ಎಂಬ ಅವರ ಅನುಮಾನ ನಿಜವಾಯಿತು. ಮಣಿಯುವುದಕ್ಕಿಂತ ಲೇಸೆಂದು ಅವರು 1882ರಲ್ಲಿ ಸಂಚಾರಿ ಬೋಧಕರ ಪದವಿಯನ್ನೇ ಬಿಟ್ಟುಕೊಟ್ಟರು. 1884ರಲ್ಲಿ ಸಂಸ್ಥೆಯ ಮಹಾಸಭೆಗೆ ಅವರು ಬಂದದ್ದು ದಕ್ಷಿಣ ಭಾರತ ಸಮ್ಮೇಳನದ ಪ್ರತಿನಿಧಿಯಾಗಿ. ಬೆಂಗಳೂರು, ಮದರಾಸುಗಳ ಜನ ತಮ್ಮ ಹಳೆಯ ಬೋಧಕನನ್ನು ಮರೆತಿರಲಿಲ್ಲ. ಆ ಮಹಾಸಭೆ ಅವರನ್ನು ಆಫ್ರಿಕದ ಬಿಷಪ್ಪರನ್ನಾಗಿ ಆರಿಸಿತು.

ಅರವತ್ತು ದಾಟಿದ ವಯಸ್ಸಿನಲ್ಲಿ, 1885ರಲ್ಲಿ, ಅವರು ಹೆಂಗಸರು ಮಕ್ಕಳೂ ಇದ್ದ ತಂಡವೊಂದನ್ನು ಅಂಗೋಲಕ್ಕೆ ಕರೆದೊಯ್ದರು. ದುಡಿದು ಉಣ್ಣುತ್ತ ಬೋಧಿಸಬೇಕೆಂಬುದು ಅ‌ಲ್ಲಿಯೂ ನಿಯಮ. ಆದರೆ ಆ ಹವೆಯಲ್ಲಿ ಹೊಸಬರ ಮೈ ನಿಲ್ಲಲಿಲ್ಲ. ಹಲವರು ಜ್ವರಕ್ಕೆ ಬಲಿಯಾದರು. ಎಷ್ಟೋ ನೆಲೆಗಳು ಬಿಟ್ಟುಹೋದವು. ಬಲಿಷ್ಠನೊಬ್ಬನು ತನ್ನ ಮೈಬಲದ ಅಳತೆಯಲ್ಲಿ ಇತರರಿಗೂ ನಿಯಮ ಮಾಡಿದರೆ ಆಗುವ ಅನಾಹುತ ಇದು ಎಂದು ಟೀಕಾಕಾರರು ಹೇಳಿದರು. ಆ ಟೀಕೆಯಲ್ಲಿ ಹುರುಳಿಲ್ಲದೆ ಇಲ್ಲ. 1896ರಲ್ಲಿ ಟೇಲರರು ನಿವೃತ್ತರಾದರು. 1902ರ ಮೇ 18ರಂದು ಕ್ಯಾಲಿಫೋರ್ನಿಯದ ಪಾಲೊ ಆಲ್ಟೊದಲ್ಲಿ ತೀರಿಕೊಂಡರು. ಆಗ ಅವರಿಗೆ 81 ವರ್ಷ. ಇಂಡಿಯಾನ ಸಂಸ್ಥಾನದ ಒಂದು ಕಾಲೇಜು 1890ರಲ್ಲಿ ಅವರ ಹೆಸರನ್ನು ತಳೆಯಿತು; ಅದು ಇಂದಿಗೂ ಟೇಲರ್ ವಿಶ್ವವಿದ್ಯಾಲಯವೆಂದು ನಡೆಯುತ್ತಿದೆ.

ಬೆಂಗಳೂರಿನಲ್ಲಿ ಅವರ ಹೆಸರು ದಾನಿಯ ಹೆಸರಿನ ಹಿಂದೆ ಮರೆಯಾಯಿತು. ಆದರೆ ಅವರು ಕೇಳಿದ ಪ್ರಶ್ನೆ ಮರೆಯಾಗಲಿಲ್ಲ. 1947ರಲ್ಲಿ ದಕ್ಷಿಣ ಭಾರತದ ಹಲವು ಪ್ರಾಟೆಸ್ಟೆಂಟ್ ಸಭೆಗಳು ಒಂದಾದಾಗ ಅಮೆರಿಕದ ಮೂಲದ ಮೆಥೋಡಿಸ್ಟರು ಹೊರಗೆ ಉಳಿದರು. 1981ರಲ್ಲಿ ಅವರ ಭಾರತೀಯ ಶಾಖೆ ಸ್ವತಂತ್ರ ಸಂಸ್ಥೆಯಾಗಿ, ತನ್ನ ಆಡಳಿತವನ್ನು ತಾನೇ ವಹಿಸಿಕೊಂಡಿತು. ದಂಡಿನ ಹಜಾರವೊಂದರಲ್ಲಿ ಕೂಡಿದ ಹತ್ತು ಹದಿನೈದು ಮಂದಿ ತಮ್ಮ ಹೊರೆಯನ್ನು ತಾವೇ ಹೊರಬೇಕೆಂದು ಟೇಲರರು ಹೇಳಿದ ಮಾತು ನೂರಕ್ಕೂ ಹೆಚ್ಚು ವರ್ಷಗಳ ಮೇಲೆ ಹೀಗೆ ಕೈಗೂಡಿತು.

ಮಠವಿರಲಿ, ಚರ್ಚಿರಲಿ, ಶಾಲೆಯಿರಲಿ, ಗ್ರಂಥಾಲಯವಿರಲಿ, ಯಾವ ಸಂಸ್ಥೆಗಾದರೂ ಈ ಮೂರು ಪ್ರಶ್ನೆಗಳು ತಪ್ಪಿದ್ದಲ್ಲ: ಇದರ ಖರ್ಚನ್ನು ಯಾರು ಕೊಡುತ್ತಾರೆ? ಕೊಡಲಾರದವನಿಗೆ ಇಲ್ಲಿ ಸ್ಥಳವುಂಟೆ? ಇಲ್ಲಿ ಆಡುವ ಮಾತು ಯಾರ ಮನೆಯ ಮಾತು? ಟೇಲರರು ಮೊದಲನೆಯದಕ್ಕೆ ತಮ್ಮ ಬಾಳನ್ನೇ ಉತ್ತರವಾಗಿ ಕೊಟ್ಟರು. ಉಳಿದೆರಡಕ್ಕೆ ಕೋಲಾರದ ಬರವೂ ಕಿಟ್ಟೆಲರ ನಿಘಂಟೂ ಉತ್ತರ ಹೇಳಿದವು. ನಮ್ಮ ಊರಿನ ಸಂಸ್ಥೆಗಳನ್ನು ಕಟ್ಟುವವರು ಈ ಮೂರನ್ನೂ ಒಟ್ಟಿಗೆ ಕೇಳಿಕೊಳ್ಳುವುದು ಒಳ್ಳೆಯದು.